ತವರಿಗೆ ಬಂದ ಬಾಣಂತಿಗೂ ಊಟ ಸಿಗಲಿ

ಮಾನ್ಯರೇ,

2013ರ ರಾಷ್ಟ್ರೀಯ ಆಹಾರ ಭದ್ರತಾ ಕಾಯ್ದೆಯಂತೆ ಗರ್ಭಿಣಿಯರಿಗೆ, ಹೆರಿಗೆಯಾಗಿ ಆರು ತಿಂಗಳವರೆಗೆ ಬಾಣಂತಿಯರಿಗೆ ಮತ್ತು ಆರು ತಿಂಗಳಿಂದ ಆರು ವರ್ಷದವರೆಗಿನ ಮಕ್ಕಳಿಗೆ ಅಂಗನವಾಡಿಯ ಮೂಲಕ ಉಚಿತ ಆಹಾರ ಪಡೆಯುವ ಹಕ್ಕಿದೆ. ಬಿಪಿಎಲ್ ಕಾರ್ಡ್ ಇರಲೇಬೇಕೆಂಬ ಷರತ್ತು ಅದರಲ್ಲಿಲ್ಲ. ಆದರೂ ರಾಯಚೂರು ಜಿಲ್ಲೆಯ ನಮ್ಮ ಭಾಗದಲ್ಲಿ, ಹೆರಿಗೆಗೆಂದು ತವರಿಗೆ ಬಂದವರನ್ನೂ ಬೆಂಗಳೂರಿಗೆ ಗುಳೆ ಹೋಗಿ ಮರಳಿದವರನ್ನೂ ‘ನಿಮ್ಮ ಹೆಸರು ಇಲ್ಲಿಲ್ಲ’ ಎಂದು ವಾಪಸು ಕಳುಹಿಸುವುದು ನಡೆದೇ ಇದೆ. ಚೊಚ್ಚಲ ಹೆರಿಗೆ ತವರಿನಲ್ಲಾಗುವುದು ಇಲ್ಲೇನು ಹೊಸ ಸಂಗತಿಯೇ? ಹೆಸರಿದ್ದವರಿಗೂ, ಮನೆಗೊಯ್ಯುವ ಆಹಾರಕ್ಕೆ ಅಂಗನವಾಡಿಯ ಪೋಷಣ್ ಟ್ರ್ಯಾಕರ್ ಆ್ಯಪ್‌ನಲ್ಲಿ ಮುಖವು ಆಧಾರ್ ಫೋಟೊಗೆ ಹೊಂದಿಕೆಯಾಗಬೇಕು. ಆಧಾರ್‌ನಲ್ಲಿ ಮದುವೆಗೆ ಮುಂಚಿನ ಫೋಟೊ, ಕೈಯಲ್ಲಿ ನೆಟ್‌ವರ್ಕ್ ಸಿಗದ ಮೊಬೈಲ್ ಇದ್ದರೆ ಕಾರ್ಯಕರ್ತೆಯಾದರೂ ಏನು ಮಾಡಿಯಾರು? ತಾಯಿ ಕಾರ್ಡ್ ತೋರಿಸಿದವರಿಗೆ ಅಂದೇ ಊಟ ನೀಡಿ, ಹೆಸರು ವರ್ಗಾವಣೆಯನ್ನು ಆಮೇಲೆ ಮುಗಿಸುವಂತೆ ಸಂಬಂಧಪಟ್ಟವರು ಲಿಖಿತ ಆದೇಶ ಹೊರಡಿಸಬೇಕು.

– ಓದುಗರೊಬ್ಬರು, ದೇವದುರ್ಗ