ಮಿರ್ ಕೋಟೆಯ ಇಟ್ಟಿಗೆ

ಮಿನ್ಸ್ಕ್, ಬೆಲಾರೂಸ್
9 ನವೆಂಬರ್

ಅಪ್ಪಾಜಿ,

ನಿಮಗೂ ಅಮ್ಮನಿಗೂ ನಮಸ್ಕಾರ. ನಾನು ಚೆನ್ನಾಗಿದ್ದೇನೆ. ಫೋನಿನಲ್ಲಿ ಇದನ್ನೆಲ್ಲ ಹೇಳಲು ಹೊರಟರೆ ನೀವು "ಊಟ ಆಯ್ತಾ, ದುಡ್ಡಿದೆಯಾ" ಅಂತ ಕೇಳಿ ಅಮ್ಮನ ಕೈಗೆ ಕೊಟ್ಟುಬಿಡುತ್ತೀರಿ. ಅದಕ್ಕೇ ಪತ್ರ.

ಮೊನ್ನೆ 7ನೇ ತಾರೀಖು ಇಲ್ಲಿ ರಜೆ ಇತ್ತು, ಅಕ್ಟೋಬರ್ ಕ್ರಾಂತಿಯ ದಿನ ಅಂತ. ಅಕ್ಟೋಬರ್ ಕ್ರಾಂತಿ ನವೆಂಬರಿನಲ್ಲಿ ಯಾಕೆ ಅಂದರೆ, 1917ರಲ್ಲಿ ರಷ್ಯಾದಲ್ಲಿ ಆ ಕ್ರಾಂತಿ ಆದಾಗ ಇವರ ಕ್ಯಾಲೆಂಡರ್ 13 ದಿನ ಹಿಂದಿತ್ತು. ನಾನು, ನನ್ನ ರೂಮಿನ ಹುಡುಗಿ ಇಬ್ಬರೂ ಮಿರ್ ಅನ್ನೋ ಊರಿಗೆ ಹೋಗಿದ್ದೆವು. ಮಿನ್ಸ್ಕಿನಿಂದ ನೈಋತ್ಯಕ್ಕೆ ಸುಮಾರು 90 ಕಿಲೋಮೀಟರ್. ಎರಡು ಸಾವಿರ ಚಿಲ್ಲರೆ ಜನ ಇರುವ ಊರು. ಅಷ್ಟು ಚಿಕ್ಕ ಊರಲ್ಲಿ ಒಂದು ಕೋಟೆ ಇದೆ. 2000ದಲ್ಲಿ ಅದು ಯುನೆಸ್ಕೋ ಪಟ್ಟಿಗೂ ಸೇರಿತು.

ದುರ್ಗದ ಹುಡುಗಿ ಕೋಟೆ ನೋಡಲು ಬಸ್ ಹತ್ತಿ ಹೋದಳಾ ಅಂತ ನಗಬೇಡಿ. ದಾರಿಯಲ್ಲಿ ನನಗೂ ಹಾಗೇ ಅನ್ನಿಸಿತ್ತು. ಎಲ್ಲಿ ನೋಡಿದರೂ ಬಯಲು. ಉತ್ತ ಹೊಲ, ಬರ್ಚ್ ಮರದ ತೋಪು, ಮತ್ತೆ ಉತ್ತ ಹೊಲ. ಇಡೀ ಬೆಲಾರೂಸಿನ ಅತಿ ಎತ್ತರದ ಗುಡ್ಡವೇ 345 ಮೀಟರ್ ಅಂತೆ. ನಮ್ಮ ದುರ್ಗದ ಬಸ್ ಸ್ಟ್ಯಾಂಡು ಸಮುದ್ರಮಟ್ಟದಿಂದ ಅದರ ಎರಡರಷ್ಟು ಮೇಲಿದೆ! ಹಿಂದೆ ಹಿಮಯುಗದಲ್ಲಿ ಉತ್ತರದಿಂದ ಮಂಜುಗಡ್ಡೆ ಜಾರಿ ಬಂದು, ಕರಗುವಾಗ ಮರಳು, ಜೇಡಿಮಣ್ಣು, ಗುಂಡುಕಲ್ಲು ಎಲ್ಲ ಸುರಿದು ಹೋಗಿದೆ. ಸೀಳಿ ತೆಗೆಯೋಣ ಅಂದರೆ ಒಂದು ಬಂಡೆ ಕಣ್ಣಿಗೆ ಬೀಳುವುದಿಲ್ಲ. ಇಂಥ ಜಾಗದಲ್ಲಿ ಧಣಿ ಬಂದು ಕೋಟೆ ಕಟ್ಟು ಅಂದರೆ ಮೇಸ್ತ್ರಿ ಏನು ಮಾಡಬೇಕು ಹೇಳಿ? ಇಟ್ಟಿಗೆ ಸುಡಬೇಕು.

ಹಾಗೇ ಮಾಡಿದ್ದಾರೆ. 1520ರ ದಶಕದಲ್ಲಿ ಯೂರಿ ಇಲಿನಿಚ್ ಅನ್ನೋ ಜಮೀನ್ದಾರ ಶುರು ಮಾಡಿಸಿದ್ದು. ಆಗ ಇದು ಲಿಥುವೇನಿಯಾ ದೊರೆಗಳ ಸೀಮೆ. ಚೌಕ ಕೋಟೆ, ಒಂದೊಂದು ಬದಿಯೂ ಹತ್ತಿರ ಹತ್ತಿರ 75 ಮೀಟರ್. ನಾಲ್ಕು ಮೂಲೆಗೆ ನಾಲ್ಕು ಗೋಪುರ, ಪಡುವಣ ಗೋಡೆಯ ನಡುವೆ ಬಾಗಿಲಿರುವ ಐದನೇದು. ಗೋಡೆ ಬುಡದಲ್ಲಿ ಮೂರು ಮೀಟರ್ ದಪ್ಪ. ಒಳಗೂ ಹೊರಗೂ ಇಟ್ಟಿಗೆ, ನಡುವೆ ಹೊಲದ ಗುಂಡುಕಲ್ಲು ತುಂಬಿ ಸುಣ್ಣದ ಗಾರೆ ಸುರಿದಿದ್ದಾರೆ. ಕೆಂಪು ಗೋಡೆಯಲ್ಲಿ ಅಲ್ಲಲ್ಲಿ ಗೂಡು ಬಿಟ್ಟು ಬಿಳಿ ಗಾರೆ ಮೆತ್ತಿದ್ದಾರೆ. ಒಂದು ಗೋಪುರದ ಅಲಂಕಾರ ಇನ್ನೊಂದಕ್ಕಿಲ್ಲ. ಮೇಸ್ತ್ರಿ ಖುಷಿಯಲ್ಲಿದ್ದ ಅಂತ ಕಾಣುತ್ತೆ.

ನಾನು ನಿಮ್ಮ ಥರವೇ ಗೋಡೆ ಹತ್ತಿರ ಹೋಗಿ ಬೆರಳ ಗೆಣ್ಣಿನಿಂದ ತಟ್ಟಿ ನೋಡಿದೆ. ಅಲ್ಲಿ ಕಾವಲಿಗಿದ್ದ ಅಜ್ಜಿ "ದೇವುಷ್ಕಾ!" ಅಂತ ಗದರಿದಳು. ಹಾಗಂದರೆ "ಏ ಹುಡುಗಿ" ಅಂತ. ಆಮೇಲೆ ನಾನು ಮೇಸ್ತ್ರಿ ಮಗಳು ಅಂತ ನನ್ನ ಹರಕು ರಷ್ಯನ್‌ನಲ್ಲಿ ಹೇಳಿದ್ದಕ್ಕೆ ಅವಳೇ ಕರೆದು ಒಂದು ಹಳೇ ಇಟ್ಟಿಗೆ ತೋರಿಸಿದಳು. ಅಪ್ಪಾಜಿ, ಅದರ ಮೇಲ್ಮುಖದಲ್ಲಿ ಬೆರಳಿನ ಗೆರೆಗಳಿವೆ! ಹಸಿ ಇರುವಾಗಲೇ ಉದ್ದಕ್ಕೆ ಬೆರಳು ಎಳೆದಿದ್ದಾರೆ, ಗಾರೆ ಹಿಡಿಯಲಿ ಅಂತ. ಇಲ್ಲಿಯವರು ಈ ಇಟ್ಟಿಗೆಯನ್ನು ಬೆರಳಿನ ಹೆಸರಿನಿಂದಲೇ ಕರೆಯುತ್ತಾರೆ. ಐನೂರು ವರ್ಷದ ಹಿಂದಿನ ಯಾವನದೋ ಕೈ. ಅದರ ಮುಂದೆ ತುಂಬಾ ಹೊತ್ತು ನಿಂತಿದ್ದೆ.

1568ರಲ್ಲಿ ಕೋಟೆ ರಾಡ್ಜಿವಿಲ್ ಮನೆತನಕ್ಕೆ ಹೋಯಿತು. ಆ ಕಾಲದ ಇಲ್ಲಿಯ ಕುಬೇರರು ಇವರು. ಇವರ ದೊಡ್ಡ ಅರಮನೆ 30 ಕಿಲೋಮೀಟರ್ ದೂರದ ನ್ಯಾಸ್ವಿಜ್‌ನಲ್ಲಿದೆ. ಮಿರ್ ಕೋಟೆಯೊಳಗೆ ಮೂರು ಅಂತಸ್ತಿನ ಅರಮನೆ ಕಟ್ಟಿಸಿದವರೂ ಇವರೇ. ಆಮೇಲಿನದು ಸುಡೋದು, ಕಟ್ಟೋದು, ಮತ್ತೆ ಸುಡೋದು. 1655ರಲ್ಲಿ ಒಂದು ಯುದ್ಧ, 1706ರಲ್ಲಿ ಸ್ವೀಡನ್ನಿನವರು, 1812ರಲ್ಲಿ ನೆಪೋಲಿಯನ್ ದಂಡು ಬಂದಾಗ ಊರ ಪಕ್ಕದಲ್ಲೇ ಕುದುರೆ ಕಾಳಗ. ಪೋಲೆಂಡಿನಿಂದ ಮಾಸ್ಕೋಗೆ ಹೋಗುವ ದಾರಿಯಲ್ಲಿ ತಡೆಯಲು ಗುಡ್ಡವಿಲ್ಲ, ಕಣಿವೆಯಿಲ್ಲ. ಹೋಗುವವರೂ ಇಲ್ಲೇ ತುಳಿದರು, ವಾಪಸ್ ಬರುವವರೂ ಇಲ್ಲೇ ತುಳಿದರು.

1895ರಲ್ಲಿ ಪಾಳುಬಿದ್ದ ಕೋಟೆಯನ್ನು ಸ್ವ್ಯಾತೊಪೋಲ್ಕ್-ಮಿರ್ಸ್ಕಿ ಅನ್ನೋ ರಾಜಮನೆತನದವನು ಕೊಂಡ. ಕೋಟೆ ಪಕ್ಕ ಈಗ ಒಂದು ಚಂದದ ಕೆರೆ ಇದೆ, ಅವನೇ ತೋಡಿಸಿದ್ದು. ಹೂಬಿಟ್ಟಿದ್ದ ಸೇಬಿನ ತೋಟ ಕಡಿಸಿ ಕೆರೆ ಮಾಡಿದನಂತೆ. ಹಾಗಾಗಿ ಕಡಿದ ಮರದಷ್ಟು ಜನ ಆ ಕೆರೆಯಲ್ಲಿ ಮುಳುಗುತ್ತಾರೆ ಅಂತ ಶಾಪ ಇದೆಯಂತೆ. ಕೆರೆಗೆ ಹಾರ ಆಗುವ ಕಥೆ ನಮ್ಮ ಕಡೆ ಮಾತ್ರ ಅಂದುಕೊಂಡಿದ್ದೆ.

ಊರಿನ ಪಕ್ಕ ಮಿರಾಂಕಾ ಅಂತ ಒಂದು ಸಣ್ಣ ಹೊಳೆ. ನಮ್ಮಲ್ಲಾಗಿದ್ದರೆ ಹಳ್ಳ ಅನ್ನುತ್ತಿದ್ದೆವು. ಅದರ ನೀರು ಉಷಾ ಅನ್ನೋ ನದಿಗೆ, ಅಲ್ಲಿಂದ ನೆಮನ್‌ಗೆ, ಆಮೇಲೆ ಬಾಲ್ಟಿಕ್ ಸಮುದ್ರಕ್ಕೆ. ಹೌದು, ಉಷಾ ಅಂತಲೇ ಹೆಸರು. ಚಿಕ್ಕಮ್ಮನಿಗೆ ಹೇಳಿ, ಖುಷಿಪಡುತ್ತಾಳೆ.

ಸಂತೆ ಚೌಕದ ಸುತ್ತ ಒಂದು ಆರ್ಥಡಾಕ್ಸ್ ಚರ್ಚು, ಒಂದು ಕ್ಯಾಥೊಲಿಕ್ ಚರ್ಚು, ಅಲ್ಲೇ ಹತ್ತಿರ ಯಹೂದಿಗಳ ಹಳೇ ಕಟ್ಟಡಗಳು. ಜಿಪ್ಸಿಗಳು ಅಂತಾರಲ್ಲ, ಆ ರೋಮಾ ಜನರಿಗೂ ಈ ಊರಲ್ಲಿ ಒಬ್ಬ "ರಾಜ" ಇದ್ದ. 1778ರಲ್ಲಿ ರಾಡ್ಜಿವಿಲ್ ದೊರೆಯೇ ಅವನಿಗೆ ಆ ಪಟ್ಟ ಕೊಟ್ಟಿದ್ದು. ಅವರ ಹಿರಿಯರು ಸಾವಿರ ವರ್ಷದ ಹಿಂದೆ ಉತ್ತರ ಭಾರತದಿಂದ ಹೊರಟವರು. ನೀರಿಗೆ ಅವರೂ "ಪಾನಿ" ಅಂತಾರೆ, ಮೂಗಿಗೆ "ನಾಖ್". ನನಗಿಂತ ಮುಂಚೆಯೇ ನಮ್ಮ ದೇಶದ ಮಾತು ಈ ಊರಿಗೆ ಬಂದಿತ್ತು!

ಯಹೂದಿಗಳ ವಿಷಯ ಬರೆಯೋದು ಕಷ್ಟ, ಆದರೂ ಬರೆಯುತ್ತೇನೆ. 1815ರ ಹೊತ್ತಿಗೆ ಇಲ್ಲಿ ಅವರ ಧರ್ಮ ಕಲಿಸುವ ಒಂದು ಶಾಲೆ ಶುರುವಾಗಿ ಎಲ್ಲೆಡೆ ಹೆಸರು ಮಾಡಿತ್ತು. ಎರಡನೇ ಮಹಾಯುದ್ಧ ಬಂದಾಗ ಅದರ ಹುಡುಗರು ಲಿಥುವೇನಿಯಾ, ಜಪಾನ್, ಶಾಂಘೈ ಅಂತ ಸುತ್ತಿ ಬದುಕಿಕೊಂಡರು. ಈಗ ಆ ಶಾಲೆ ಜೆರುಸಲೇಮಿನಲ್ಲಿದೆ, ಹೆಸರು ಇನ್ನೂ "ಮಿರ್". ಊರಲ್ಲೇ ಉಳಿದವರಲ್ಲಿ ಹೆಚ್ಚಿನವರು ಬದುಕಲಿಲ್ಲ. 1941ರ ನವೆಂಬರ್ 9ಕ್ಕೆ ಜರ್ಮನರು ಸಾವಿರದ ಐನೂರರಷ್ಟು ಜನರನ್ನು ಒಂದೇ ದಿನ ಕೊಂದರು. ನಾನು ಇದನ್ನು ಬರೆಯುತ್ತಿರುವುದೂ 9ನೇ ತಾರೀಖು. ಉಳಿದ ಎಂಟುನೂರರಷ್ಟು ಜನರನ್ನು ಮುಂದಿನ ವರ್ಷ ಇದೇ ಕೋಟೆಯೊಳಗೆ ಕೂಡಿಹಾಕಿದರು.

ಆಗ ಜರ್ಮನ್ ಪೊಲೀಸರ ಹತ್ತಿರ ದುಭಾಷಿಯಾಗಿದ್ದವನು ಓಸ್ವಾಲ್ಡ್ ರುಫೈಸೆನ್. ಅವನೂ ಯಹೂದಿ, ಸುಳ್ಳು ಹೇಳಿ ಕೆಲಸಕ್ಕೆ ಸೇರಿದ್ದ. ಇಪ್ಪತ್ತು ವರ್ಷದ ಹುಡುಗ ಅಪ್ಪಾಜಿ, ನನಗಿಂತ ಚಿಕ್ಕವನು. ಎಲ್ಲರನ್ನೂ ಕೊಲ್ಲುವ ದಿನ ಗೊತ್ತಾದ ಕೂಡಲೇ ಒಳಗಿನವರಿಗೆ ಸುದ್ದಿ ಮುಟ್ಟಿಸಿದ. ಪೊಲೀಸರಿಗೆ ಬೇರೆ ಕಡೆ ಗೆರಿಲ್ಲಾಗಳು ಬಂದಿದ್ದಾರೆ ಅಂತ ಹೇಳಿ ಅವರನ್ನು ಆ ಕಡೆ ಕಳಿಸಿಬಿಟ್ಟ. 1942ರ ಆಗಸ್ಟಿನ ಆ ರಾತ್ರಿ ಸುಮಾರು ಇನ್ನೂರು ಜನ ಕಾಡಿಗೆ ಓಡಿಹೋದರು. ವಯಸ್ಸಾದವರು, ಮಕ್ಕಳ ತಾಯಂದಿರು ಎಲ್ಲಿ ಓಡುತ್ತಾರೆ? ಕೆಲವೇ ದಿನದಲ್ಲಿ ಉಳಿದವರನ್ನೆಲ್ಲ ಕೊಂದರು. ರುಫೈಸೆನ್ ಸಿಕ್ಕಿಬಿದ್ದರೂ ತಪ್ಪಿಸಿಕೊಂಡ. ಮುಂದೆ ಕ್ರೈಸ್ತ ಸನ್ಯಾಸಿಯಾಗಿ ಇಸ್ರೇಲಿಗೆ ಹೋದ.

ಯುದ್ಧ ಮುಗಿದ ಮೇಲೆ ಮನೆ ಕಳಕೊಂಡವರು ಕೆಲವು ವರ್ಷ ಕೋಟೆಯಲ್ಲೇ ಸಂಸಾರ ಮಾಡಿದರು. 1980ರ ದಶಕದಲ್ಲಿ ರಿಪೇರಿ ಶುರುವಾಗಿ, ಪೂರ್ತಿಯಾಗಿ ತೆರೆದಿದ್ದು 2010ರ ಡಿಸೆಂಬರಿನಲ್ಲಿ. ಒಳಗಿನ ಕೋಣೆಗಳು ನನಗೆ ಅಷ್ಟು ಹಿಡಿಸಲಿಲ್ಲ. ಕಲ್ಯಾಣ ಮಂಟಪದ ಥರ ಫಳಫಳ. ಹೊರಗಿನ ಗೋಡೆ ಮುಂದೆ ನಿಂತರೆ ಮಾತ್ರ ಯಾವುದು ಹಳೇದು, ಯಾವುದು ತೇಪೆ ಅಂತ ಗೊತ್ತಾಗುತ್ತೆ. ಹೊಸ ಇಟ್ಟಿಗೆ ಜಾಸ್ತಿ ನೆಟ್ಟಗಿದೆ.

ಸಂಜೆ ಐದಕ್ಕೆಲ್ಲ ಕತ್ತಲಾಯಿತು. ಬಸ್ ತಪ್ಪಿಸಿಕೊಂಡು ಒಂದು ಗಂಟೆ ಚಳಿಯಲ್ಲಿ ನಡುಗಿದೆವು. ಆಲೂಗಡ್ಡೆ ತುರಿದು ಕಾವಲಿಯ ಮೇಲೆ ಬೇಯಿಸುವ ದ್ರಾನಿಕಿ ತಿಂದಿದ್ದರಿಂದ ಜೀವ ಉಳಿಯಿತು.

ಇಟ್ಟಿಗೆಯ ಫೋಟೋ ತಮ್ಮನ ಫೋನಿಗೆ ಕಳಿಸಿದ್ದೇನೆ, ದೊಡ್ಡದು ಮಾಡಿ ನೋಡಿ. ಅಷ್ಟು ಆಳ ಗೆರೆ ಎಳೆದರೆ ಸುಡುವಾಗ ಬಿರುಕು ಬಿಡಲ್ವಾ? ಭಾನುವಾರ ಫೋನ್ ಮಾಡಿದಾಗ ಹೇಳಿ, ಅಮ್ಮನ ಕೈಗೆ ಕೊಡೋಕೆ ಮುಂಚೆ. ಅಮ್ಮನಿಗೆ ಶೇಂಗಾ ಚಟ್ನಿಪುಡಿ ಮುಗಿದಿದೆ ಅಂತ ತಿಳಿಸಿ.

ನಿಮ್ಮ ಮಗಳು