ಗೆಳೆಯನಿಗೊಂದು ಪತ್ರ: ಪುಟ್ಟಿ ಮೈಕಿನ ಮುಂದೆ ನಿಲ್ಲುವ ಮೊದಲು

ಪ್ರಿಯ ಗೆಳೆಯಾ,

ಪುಟ್ಟಿಗೆ ಡಬ್ಬಿಂಗ್ ಸ್ಟುಡಿಯೊದಿಂದ ಕರೆ ಬಂದಿದೆ ಎಂದು ಓದಿ ತುಂಬಾ ಖುಷಿಯಾಯಿತು. ಎಂಟು ವರ್ಷದ ಹುಡುಗಿ, ಮ್ಯೂನಿಕ್‌ನಲ್ಲೇ ಹುಟ್ಟಿ ಬೆಳೆದವಳು, ಜರ್ಮನ್ ಅವಳಿಗೆ ನೀರು ಕುಡಿದಷ್ಟು ಸಲೀಸು. ಕರೆದದ್ದರಲ್ಲಿ ಆಶ್ಚರ್ಯವಿಲ್ಲ. ಆದರೆ ‘ಮುಖವೇ ಕಾಣಿಸದ ಕೆಲಸ, ಇದರಿಂದ ಅವಳಿಗೇನು ಬಂತು?’ ಎಂದು ಕೇಳಿದ್ದೀಯಲ್ಲ, ಅದಕ್ಕೆ ಸ್ವಲ್ಪ ಉದ್ದವಾಗಿಯೇ ಉತ್ತರಿಸಬೇಕು. ನಮ್ಮವರಲ್ಲಿ ಈ ಅನುಮಾನ ಹುಟ್ಟುವುದು ಸಹಜ. ಕನ್ನಡದಲ್ಲಿ ದಶಕಗಟ್ಟಲೆ ಡಬ್ಬಿಂಗನ್ನು ಹೊಸ್ತಿಲಾಚೆಯೇ ನಿಲ್ಲಿಸಿದ್ದೆವು, 2015ರಲ್ಲಿ ಭಾರತೀಯ ಸ್ಪರ್ಧಾ ಆಯೋಗದ ಆದೇಶ ಬಂದ ಮೇಲಷ್ಟೇ ಆ ಬಿಗಿ ಸಡಿಲವಾಯಿತು. ನೀನಿರುವ ದೇಶದಲ್ಲಿ ಹಾಗಲ್ಲ. ಅಲ್ಲಿ ಹೊರದೇಶದ ಸಿನಿಮಾ, ಧಾರಾವಾಹಿಗಳು ಹೆಚ್ಚಾಗಿ ಮನೆ ಸೇರುವುದೇ ಜರ್ಮನ್ ಬಾಯಿಂದ. ಒಬ್ಬ ಹಾಲಿವುಡ್ ನಟನಿಗೆ ಒಂದು ಜರ್ಮನ್ ಕಂಠ ನಿಗದಿಯಾಯಿತೆಂದರೆ ಇಪ್ಪತ್ತು ಮೂವತ್ತು ವರ್ಷ ಅದೇ ಕಂಠ ನಡೆಯುವುದೂ ಉಂಟು.

ಜರ್ಮನಿಯ ನಟಿ ಏವಾ ಮಾಟೆಸ್ ಅವರ ದಾರಿಯನ್ನು ನೋಡು. 1954ರಲ್ಲಿ ನಿಮ್ಮೂರಿನ ದಕ್ಷಿಣಕ್ಕಿರುವ ಟೇಗರ್ನ್‌ಜೇಯಲ್ಲಿ ಹುಟ್ಟಿದವರು. ತಂದೆ ವಿಲ್ಲಿ ಮಾಟೆಸ್ ಸಿನಿಮಾಗಳಿಗೆ ಸಂಗೀತ ಕೊಡುತ್ತಿದ್ದವರು, ತಾಯಿ ಮಾರ್ಗಿಟ್ ಶಿಮೋ ಹಂಗೇರಿ ಮೂಲದ ನರ್ತಕಿ ಮತ್ತು ನಟಿ. ಕ್ಯಾಮೆರಾಗೆ ಮುಖ ಕೊಡುವ ಮೊದಲೇ ಹುಡುಗಿ ಮೈಕಿಗೆ ಕಂಠ ಕೊಟ್ಟಾಗಿತ್ತು. ಅಮೆರಿಕದ ‘ಲ್ಯಾಸಿ’ ಧಾರಾವಾಹಿಯಲ್ಲಿ ನಾಯಿಯ ಜೊತೆಗಿರುವ ಟಿಮ್ಮಿ ಎಂಬ ಹುಡುಗನ ಜರ್ಮನ್ ದನಿ ಅವರದು. ಪರದೆಯ ಮೇಲೆ ಜಾನ್ ಪ್ರೊವೋಸ್ಟ್ ಎಂಬ ಗಂಡುಹುಡುಗ, ಬಾಯೊಳಗೆ ಬವೇರಿಯಾದ ಹೆಣ್ಣುಮಗು. ಆಮೇಲೆ 1969ರ ‘ಪಿಪ್ಪಿ ಲಾಂಗ್‌ಸ್ಟಾಕಿಂಗ್’ ಧಾರಾವಾಹಿಯಲ್ಲಿ ಪಿಪ್ಪಿ ಎಂಬ ಹುಡುಗಿಗೂ ಅವರದೇ ಜರ್ಮನ್ ಕಂಠ. ಪಿಪ್ಪಿಯಾಗಿ ನಟಿಸಿದ ಸ್ವೀಡನ್ನಿನ ಇಂಗರ್ ನಿಲ್ಸನ್ ಹುಟ್ಟಿದ್ದು 1959ರಲ್ಲಿ, ಅಂದರೆ ಕಂಠ ಕೊಟ್ಟವರು ಮುಖ ಕೊಟ್ಟವಳಿಗಿಂತ ನಾಲ್ಕು ವರ್ಷಕ್ಕೂ ಹೆಚ್ಚು ದೊಡ್ಡವರು.

ಇವೆರಡರ ಹಿಂದೆಯೂ ಲೆಕ್ಕಾಚಾರವಿದೆ. ಹನ್ನೆರಡು ಹದಿನಾಲ್ಕರ ಹೊತ್ತಿಗೆ ಗಂಡುಹುಡುಗರ ಧ್ವನಿಪೆಟ್ಟಿಗೆ ಬೇಗಬೇಗ ಬೆಳೆದು ದನಿ ಸುಮಾರು ಒಂದು ಸ್ಥಾಯಿಯಷ್ಟು ಕೆಳಗಿಳಿಯುತ್ತದೆ. ಹೆಣ್ಣುಮಕ್ಕಳ ದನಿ ಇಳಿಯುವುದು ಎರಡು ಮೂರು ಸ್ವರದಷ್ಟು ಮಾತ್ರ, ಅದೂ ಮೆಲ್ಲಗೆ. ವರ್ಷಗಟ್ಟಲೆ ಓಡುವ ಧಾರಾವಾಹಿಯಲ್ಲಿ ಹುಡುಗನ ಪಾತ್ರಕ್ಕೆ ಹುಡುಗಿಯ ಕಂಠ ಹಾಕಿದರೆ ನಡುವೆ ದನಿ ಒಡೆಯುವ ಭಯವಿಲ್ಲ. ‘ಹ್ಯಾರಿ ಪಾಟರ್’ ಸರಣಿಯ ಜರ್ಮನ್ ಆವೃತ್ತಿಯನ್ನು ಕೇಳು. ಮೊದಲ ಎರಡು ಚಿತ್ರಗಳಲ್ಲಿ ಹ್ಯಾರಿಗೆ ಟಿಮ್ ಶ್ವಾರ್ಟ್ಸ್‌ಮೈಯರ್ ಕಂಠ, 2004ರ ಮೂರನೆಯದರಿಂದ ನಿಕೊ ಸಾಬ್ಲಿಕ್. ಹರ್ಮಾಯಿನಿಗೆ ಮಾತ್ರ 2001ರಿಂದ 2011ರವರೆಗೆ ಎಂಟೂ ಚಿತ್ರಗಳಲ್ಲಿ ಗಾಬ್ರಿಯೆಲ್ ಪೀಟರ್‌ಮನ್ ಒಬ್ಬರೇ. ರಾನ್‌ಗೆ ಮಾತಾಡಿದ ಮಾಕ್ಸ್ ಫೆಲ್ಡರ್ ಕೂಡ ಕೊನೆಯವರೆಗೂ ಉಳಿದರು, ಆದರೆ ಹುಡುಗರಲ್ಲಿ ಅದನ್ನು ಮೊದಲೇ ನಂಬಿಕೊಂಡು ಕೂರುವ ಹಾಗಿಲ್ಲ. ಇನ್ನು ವಯಸ್ಸು. ಹತ್ತು ದಾಟಿದ ಮಗು ತಡವರಿಸದೆ ಓದುತ್ತದೆ, ಹೇಳಿದ ಕಡೆ ನಿಲ್ಲುತ್ತದೆ. ಹಾಗಾಗಿ ಪಾತ್ರಕ್ಕಿಂತ ತುಸು ದೊಡ್ಡವರನ್ನೇ ಹುಡುಕುತ್ತಾರೆ. ಬೀಬಿ ಬ್ಲಾಕ್ಸ್‌ಬರ್ಗ್ ಎಂಬ ಪುಟ್ಟ ಮಾಟಗಾತಿಯ ಕ್ಯಾಸೆಟ್ ನಾಟಕಗಳು ನಿಮ್ಮ ಮನೆಯಲ್ಲೂ ಕೇಳಿಬರುತ್ತಿರಬೇಕು. 1980ರಿಂದ ದಶಕಗಟ್ಟಲೆ ಅವಳಾಗಿ ಮಾತಾಡಿದ ಸುಸಾನಾ ಬೋನಾಸೆವಿಚ್ ಶುರು ಮಾಡಿದಾಗಲೇ ಇಪ್ಪತ್ತೈದರ ಹೆಂಗಸು. ‘ಸ್ಟಾರ್ ವಾರ್ಸ್’ನ ರಾಜಕುಮಾರಿ ಲೇಯಾಳ ಜರ್ಮನ್ ಕಂಠವೂ ಅವರದೇ.

ಈಗ ಕೋಣೆಯೊಳಗೆ ಹೋಗೋಣ, ಪುಟ್ಟಿ ನಿಲ್ಲಬೇಕಾದ್ದು ಅಲ್ಲಿ ತಾನೇ.

ಮಾಟೆಸ್ ಹುಡುಗಿಯಾಗಿದ್ದ ಕಾಲದಲ್ಲಿ ಚಿತ್ರದ ರೀಲನ್ನು ಕೆಲವೇ ಸೆಕೆಂಡುಗಳ ತುಂಡುಗಳಾಗಿ ಕತ್ತರಿಸಿ, ಒಂದೊಂದು ತುಂಡಿನ ತಲೆ ಬಾಲ ಅಂಟಿಸಿ ಬಳೆಯಂತೆ ಸುತ್ತಿಸುತ್ತಿದ್ದರು. ಅದೇ ಮೂರು ಮಾತು ಪರದೆಯ ಮೇಲೆ ಮತ್ತೆ ಮತ್ತೆ ಬರುತ್ತದೆ, ಸರಿಯಾಗುವವರೆಗೆ ಹೇಳಬೇಕು. ಈಗ ಬಳೆ ಇಲ್ಲ, ಕಂಪ್ಯೂಟರು ಅದೇ ಕೆಲಸ ಮಾಡುತ್ತದೆ. ‘ಟೇಕ್’ ಎಂಬ ಲೆಕ್ಕ ಮಾತ್ರ ಉಳಿದಿದೆ. ಒಂದು ಟೇಕ್ ಎಂದರೆ ಒಂದೆರಡು ವಾಕ್ಯ, ಕೆಲವೊಮ್ಮೆ ಬರೀ ಒಂದು ನಿಟ್ಟುಸಿರು. ಸಂಭಾವನೆಯೂ ಬಂದದ್ದಕ್ಕೆ ಇಷ್ಟು, ಟೇಕ್ ಒಂದಕ್ಕೆ ಇಷ್ಟು ಎಂದೇ.

ಪುಟ್ಟಿಯ ಕೈಗೆ ಬರುವ ಮಾತು ಅದಕ್ಕೂ ಮೊದಲು ಎರಡು ಕೈ ದಾಟಿರುತ್ತದೆ. ಒಬ್ಬರು ಮಾತಿಗೆ ಮಾತಿಟ್ಟು ಕಚ್ಚಾ ಅನುವಾದ ಮಾಡುತ್ತಾರೆ. ಇನ್ನೊಬ್ಬರು ಅದನ್ನು ನಟರ ತುಟಿಗೆ ಹೊಂದಿಸಿ ಮತ್ತೆ ಬರೆಯುತ್ತಾರೆ. ತುಟಿ ಮುಚ್ಚಿ ತೆರೆಯುವ ಪ, ಬ, ಮ, ಅಂದರೆ ನಮ್ಮ ವ್ಯಾಕರಣದ ಓಷ್ಠ್ಯಗಳು, ಅವರಿಗೆ ದೊಡ್ಡ ತಲೆನೋವು. ಇಂಗ್ಲಿಷಿನ ‘ಮೇಬಿ’ಯಲ್ಲಿ ತುಟಿ ಎರಡು ಸಲ ಮುಚ್ಚುತ್ತದೆ. ಜರ್ಮನ್ನಿನ ‘ಫಿಲ್‌ಲೈಷ್ಟ್’ ಅರ್ಥದಲ್ಲಿ ಅದೇ ಆದರೂ ತುಟಿ ಒಮ್ಮೆಯೂ ಮುಚ್ಚುವುದಿಲ್ಲ. ಹತ್ತಿರದ ದೃಶ್ಯವಾದರೆ ‘ಮಾಗ್ ಝೈನ್’ ಎಂದು ಬದಲಿಸಿ ಮೊದಲ ಮುಚ್ಚನ್ನಾದರೂ ಉಳಿಸಿಕೊಳ್ಳುತ್ತಾರೆ. ಇದನ್ನು ಪುಟ್ಟಿಗೆ ಹೇಳಿಕೊಡು. ಕಾಗದದಲ್ಲಿ ಬರೆದದ್ದನ್ನು ತನ್ನ ಮನಸ್ಸಿಗೆ ಬಂದಂತೆ ತಿರುಗಿಸಿ ಹೇಳಬಾರದೇಕೆ ಎಂದು ಆಗ ಅವಳಿಗೆ ಅರ್ಥವಾಗುತ್ತದೆ.

ಎದುರಿಗೆ ಪರದೆ, ಪಕ್ಕದಲ್ಲಿ ಕಾಗದದ ಸ್ಟ್ಯಾಂಡು, ಕಿವಿಗೆ ಹೆಡ್‌ಫೋನು. ಗಾಜಿನಾಚೆ ನಿರ್ದೇಶಕರು, ಧ್ವನಿ ತಂತ್ರಜ್ಞರು, ತುಟಿ ಮತ್ತು ಮಾತು ಕೂಡುತ್ತಿದೆಯೇ ಎಂದು ನೋಡುವವರು. ಮೂಲವನ್ನು ಒಂದೆರಡು ಸಲ ಕೇಳಿಸಿ ಮಾತಾಡಲು ಹೇಳುತ್ತಾರೆ. ಜೊತೆಯ ಪಾತ್ರದವರು ಹೆಚ್ಚಾಗಿ ಅಲ್ಲಿರುವುದಿಲ್ಲ, ಒಬ್ಬೊಬ್ಬರ ಮಾತನ್ನು ಬೇರೆ ಬೇರೆಯಾಗಿ ಹಿಡಿದು ಆಮೇಲೆ ಕೂಡಿಸುತ್ತಾರೆ. ಕಥೆಯೂ ಮೊದಲಿಂದ ಕೊನೆಯವರೆಗೆ ಸಿಗುವುದಿಲ್ಲ. ‘ನಾನು ಯಾರ ಹತ್ತಿರ ಮಾತಾಡ್ತಿದ್ದೇನೆ? ಅವರು ಎಷ್ಟು ದೂರದಲ್ಲಿದ್ದಾರೆ?’ ಈ ಎರಡು ಪ್ರಶ್ನೆಯನ್ನು ಪ್ರತಿ ಟೇಕಿಗೂ ಕೇಳುವ ಧೈರ್ಯ ಅವಳಿಗಿರಲಿ. ಪಕ್ಕದಲ್ಲಿರುವವನಿಗೆ ಕೂಗುವುದು, ಬೆಟ್ಟದಾಚೆ ಇರುವವನಿಗೆ ಪಿಸುಗುಡುವುದು ಮಕ್ಕಳಲ್ಲಿ ಬಹಳ ಸಾಮಾನ್ಯ, ಅದು ಅವರ ತಪ್ಪೂ ಅಲ್ಲ.

ಎಲ್ಲಕ್ಕಿಂತ ಹೆಚ್ಚು ಕೆಡುವುದು ಆರಂಭ. ಮಗು ಮೂಲದ ದನಿ ಕೇಳಿಸಿಕೊಂಡ ಮೇಲೆ ಬಾಯಿ ತೆರೆಯುತ್ತದೆ, ಅಷ್ಟರಲ್ಲಿ ಅರ್ಧ ಸೆಕೆಂಡು ಹೋಗಿರುತ್ತದೆ. ಟೀವಿಯಲ್ಲಿ ಸೆಕೆಂಡಿಗೆ 25 ಚೌಕಟ್ಟು (ಫ್ರೇಮ್), ಒಂದೊಂದಕ್ಕೆ 40 ಮಿಲಿಸೆಕೆಂಡು. ಮೂರು ನಾಲ್ಕು ಚೌಕಟ್ಟು ತಪ್ಪಿದರೂ ನೋಡುವವರಿಗೆ ಏನೋ ಕಿರಿಕಿರಿ. ಮದ್ದು ಉಸಿರಿನಲ್ಲಿದೆ. ಪರದೆಯ ಮೇಲಿನ ಮಗು ಮಾತಿಗೆ ಮೊದಲು ಉಸಿರೆಳೆದುಕೊಳ್ಳುತ್ತದಲ್ಲ, ಪುಟ್ಟಿಯೂ ಅದರ ಜೊತೆಗೇ ಎಳೆದುಕೊಳ್ಳಬೇಕು. ಉಸಿರು ಕೂಡಿದರೆ ಮಾತೂ ಕೂಡುತ್ತದೆ. ಸ್ವಲ್ಪ ಹಿಂದೆಮುಂದಾದ ಮಾತನ್ನು ಕಂಪ್ಯೂಟರಿನಲ್ಲಿ ಸರಿಸಿ ಕೂರಿಸಬಹುದು, ಸತ್ತ ಮಾತಿಗೆ ಜೀವ ತುಂಬುವುದಕ್ಕೆ ಯಾವ ಉಪಾಯವೂ ಇಲ್ಲ.

ಎರಡನೆಯದು ಮಗ್ಗಿಯ ರಾಗ. ಶಾಲೆಯಲ್ಲಿ ಗಟ್ಟಿಯಾಗಿ ಓದಿ ಅಭ್ಯಾಸವಾದ ಮಕ್ಕಳು ಪ್ರತಿ ವಾಕ್ಯವನ್ನೂ ಒಂದೇ ಧಾಟಿಯಲ್ಲಿ ಏರಿಸಿ ಇಳಿಸುತ್ತಾರೆ. ಮೂರನೆಯದು ತಲೆ ತಗ್ಗಿಸುವುದು. ಕಾಗದ ನೋಡಲು ಬಗ್ಗಿದ ಕೂಡಲೇ ಬಾಯಿ ಮೈಕಿನಿಂದ ತಪ್ಪಿ ದನಿ ಮಂಕಾಗುತ್ತದೆ. ಸ್ಟ್ಯಾಂಡನ್ನು ಅವಳ ಕಣ್ಣಿನ ಎತ್ತರಕ್ಕೆ ಇಳಿಸಿಕೊಡಿ ಎಂದು ಸಂಕೋಚವಿಲ್ಲದೆ ಕೇಳು. ಮಾತನ್ನು ಒಮ್ಮೆ ನೋಡಿ, ತುಂಬಿಕೊಂಡು, ತಲೆಯೆತ್ತಿ ಪರದೆ ನೋಡುತ್ತಾ ಹೇಳುವುದು ಅಭ್ಯಾಸವಾಗಬೇಕು. ಇನ್ನೂ ಓದಲು ಬಾರದ ಮಕ್ಕಳಿಗೆ ನಿರ್ದೇಶಕರೇ ಹೇಳಿಕೊಟ್ಟು ಹೇಳಿಸುತ್ತಾರೆ, ಪುಟ್ಟಿಗೆ ಅದು ಬೇಕಾಗಲಿಕ್ಕಿಲ್ಲ.

ಹೋಗುವ ದಿನ ಸರಸರ ಸದ್ದಾಗುವ ಜಾಕೆಟ್ಟು, ಬಳೆ, ಗೆಜ್ಜೆ ಬೇಡ, ಮೆತ್ತಗಿನ ಹತ್ತಿಯ ಅಂಗಿ ಇರಲಿ. ಒಂದು ಗಂಟೆ ಮೊದಲು ಹಗುರಾಗಿ ಏನಾದರೂ ತಿನ್ನಿಸು, ಹಸಿದ ಹೊಟ್ಟೆಯ ಗುರುಗುರು ಮೈಕಿಗೆ ಚೆನ್ನಾಗಿ ಕೇಳಿಸುತ್ತದೆ. ಚಾಕಲೇಟು, ಹಾಲು ಬೇಡ, ಬಾಯಿ ಅಂಟಂಟಾಗುತ್ತದೆ. ತಣ್ಣಗಿಲ್ಲದ ನೀರು ಸಾಕು. ಕಿರಿಚುವ, ಅಳುವ ಟೇಕುಗಳನ್ನು ಕೊನೆಗೆ ಇಟ್ಟುಕೊಳ್ಳಲು ಕೇಳಿಕೊ. ಮೊದಲೇ ಕಿರಿಚಿದರೆ ಉಳಿದ ಹೊತ್ತಿಗೆ ಗಂಟಲು ಕಟ್ಟುತ್ತದೆ.

ಇಷ್ಟೆಲ್ಲ ಕಲಿತು ಏನು ಬಂತು ಎಂದೆಯಲ್ಲ. ಮಾಟೆಸ್ ಮುಂದೆ ಹಾಂಬುರ್ಗ್‌ನ ರಂಗಭೂಮಿಗೆ ಹೋದರು, ನಿರ್ದೇಶಕ ಪೀಟರ್ ಸಾಡೆಕ್ ಅವರ ನಾಟಕಗಳಲ್ಲಿ ಬೆಳೆದರು, ಫಾಸ್‌ಬಿಂಡರ್, ಹರ್ಟ್ಸಾಗ್ ಅವರ ಚಿತ್ರಗಳಲ್ಲಿ ನಟಿಸಿದರು. ಹರ್ಟ್ಸಾಗ್ ‘ವೊಯ್ಟ್ಸೆಕ್’ ಚಿತ್ರವನ್ನು ಹದಿನೆಂಟೇ ದಿನಗಳಲ್ಲಿ ಮುಗಿಸಿದರು. ಕ್ಯಾಮೆರಾ ಅಲುಗದೆ ನಿಂತು ಇಡೀ ದೃಶ್ಯವನ್ನು ಒಂದೇ ಉಸಿರಿಗೆ ಹಿಡಿಯುವ ಚಿತ್ರ ಅದು. ಅಲ್ಲಿ ಮರೀ ಎಂಬ ಪಾತ್ರದಲ್ಲಿ ನಟಿಸಿದ್ದಕ್ಕೆ 1979ರ ಕಾನ್ ಉತ್ಸವದಲ್ಲಿ ಪೋಷಕ ನಟಿ ಪ್ರಶಸ್ತಿ ಬಂತು. ಮರುವರ್ಷ ಹೆಲ್ಮಾ ಸಾಂಡರ್ಸ್-ಬ್ರಾಮ್ಸ್ ಅವರ ‘ಜರ್ಮನಿ, ಬಿಳಿಚಿದ ತಾಯಿ’. ಯುದ್ಧದಲ್ಲಿ ಮನೆ ಕಳೆದುಕೊಂಡ ತಾಯಿ ಮಗಳನ್ನು ಕಟ್ಟಿಕೊಂಡು ನಡೆಯುತ್ತಾ ಗ್ರಿಮ್ ಸೋದರರ ‘ದರೋಡೆಕೋರ ಮದುಮಗ’ನ ಕಥೆ ಹೇಳುತ್ತಾಳೆ, ಮೊದಲಿಂದ ಕೊನೆಯವರೆಗೆ. ಆ ದೃಶ್ಯವನ್ನು ಒಮ್ಮೆ ಕಣ್ಣು ಮುಚ್ಚಿ ಕೇಳು. ಎಲ್ಲೂ ರಾಗವಿಲ್ಲ, ಅವಸರವಿಲ್ಲ, ಪಕ್ಕದಲ್ಲಿರುವ ಮಗುವಿಗೆ ಎಷ್ಟು ಬೇಕೋ ಅಷ್ಟೇ ದನಿ. ಬಾಲ್ಯದಲ್ಲಿ ಕತ್ತಲ ಕೋಣೆಯಲ್ಲಿ ಕಲಿತದ್ದು ಅಲ್ಲಿ ಫಲ ಕೊಟ್ಟಿದೆ ಎಂದೇ ನನ್ನ ನಂಬಿಕೆ. 2002ರಿಂದ 2016ರವರೆಗೆ ‘ಟಾಟೋರ್ಟ್’ ಎಂಬ ಪತ್ತೇದಾರಿ ಟೀವಿ ಸರಣಿಯಲ್ಲಿ ಕಾನ್‌ಸ್ಟಾನ್ಸ್ ಊರಿನ ಪೊಲೀಸ್ ಅಧಿಕಾರಿ ಕ್ಲಾರಾ ಬ್ಲೂಮ್ ಅವರೇ. ಮತ್ತೆ ಮೈಕಿನ ಮುಂದೆಯೂ ಬಂದರು. ಇಟಲಿಯ ಲೇಖಕಿ ಎಲೆನಾ ಫೆರಾಂಟೆಯ ನೇಪಲ್ಸ್ ಕಾದಂಬರಿಗಳನ್ನು ಜರ್ಮನ್ ಕೇಳುಗರು ಕೇಳುತ್ತಿರುವುದು ಅವರ ದನಿಯಲ್ಲಿ.

ಒಂದು ಮಾತ್ರ ನನ್ನನ್ನು ಕಾಡುತ್ತದೆ. 1970ರ ‘ಓಕೆ’ ಚಿತ್ರದಲ್ಲಿ ಸೈನಿಕರ ಕೈಗೆ ಸಿಕ್ಕು ಸಾಯುವ ವಿಯೆಟ್ನಾಮಿನ ಹುಡುಗಿಯಾಗಿ ಅವರು ನಟಿಸಿದಾಗ ವಯಸ್ಸು ಹದಿನೈದರ ಆಸುಪಾಸು. ಆ ಚಿತ್ರದ ಜಗಳದಲ್ಲಿ ಆ ವರ್ಷದ ಬರ್ಲಿನ್ ಉತ್ಸವದ ಸ್ಪರ್ಧೆಯೇ ಮುರಿದುಬಿತ್ತು. ಚಿತ್ರ ಹೇಳಿದ್ದು ಸತ್ಯ, ಆದರೂ ಅಷ್ಟು ಭಾರದ ಪಾತ್ರವನ್ನು ಆ ವಯಸ್ಸಿನವರ ಹೆಗಲಿಗೆ ಹೊರಿಸಬಾರದು. ಡಬ್ಬಿಂಗ್‌ನಲ್ಲೂ ಇದೇ ಎಚ್ಚರ ಬೇಕು. ಟೇಕಿನ ತುಣುಕಷ್ಟೇ ನೋಡಿ ಒಪ್ಪಬೇಡ, ಕಥೆಯಲ್ಲಿ ಆ ಮಗುವಿಗೆ ಏನಾಗುತ್ತದೆ ಎಂದು ಮೊದಲೇ ಕೇಳು.

ಕಾನೂನು ನಿನ್ನ ಕಡೆಗಿದೆ. 1976ರ ಯುವಜನ ಕಾರ್ಮಿಕ ರಕ್ಷಣಾ ಕಾಯ್ದೆ ಮಕ್ಕಳ ದುಡಿಮೆಯನ್ನೇ ನಿಷೇಧಿಸಿ, ಇಂಥ ಕೆಲಸಕ್ಕೆ ಅನುಮತಿಯ ಮೇಲೆ ವಿನಾಯಿತಿ ಕೊಡುತ್ತದೆ. ಧ್ವನಿಮುದ್ರಣಕ್ಕೆ ಮೂರರಿಂದ ಆರು ವರ್ಷದವರಿಗೆ ದಿನಕ್ಕೆ ಎರಡು ಗಂಟೆ, ಬೆಳಿಗ್ಗೆ 8ರಿಂದ ಸಂಜೆ 5ರ ಒಳಗೆ. ಆರು ದಾಟಿದವರಿಗೆ ಮೂರು ಗಂಟೆ, ರಾತ್ರಿ 10ರ ಒಳಗೆ. ಮುಗಿದ ಮೇಲೆ 14 ಗಂಟೆ ಬಿಡುವು ಕಡ್ಡಾಯ. ಅಂದರೆ ರಾತ್ರಿ ಏಳಕ್ಕೆ ಬಿಟ್ಟರೆ ಮರುದಿನ ಒಂಬತ್ತರವರೆಗೆ ಮುಂದಿನ ಟೇಕ್ ಇಲ್ಲ. ಅರ್ಜಿ ಹಾಕುವುದು ಸ್ಟುಡಿಯೊದ ಕೆಲಸ, ಯೂಗೆಂಡ್‌ಆಮ್ಟ್ ಎಂಬ ಮಕ್ಕಳ ಕಲ್ಯಾಣ ಕಚೇರಿಯ ಅಭಿಪ್ರಾಯ ಕೇಳಿ ಮೇಲ್ವಿಚಾರಣಾ ಕಚೇರಿ ಅನುಮತಿ ಕೊಡುತ್ತದೆ. ನೀನು ಹೊಂದಿಸಬೇಕಾದ್ದು ನಿಮ್ಮ ಲಿಖಿತ ಒಪ್ಪಿಗೆ, ವೈದ್ಯರ ಪತ್ರ, ಓದಿಗೆ ತೊಂದರೆಯಿಲ್ಲ ಎಂಬ ಶಾಲೆಯ ಪತ್ರ. ‘ಅನುಮತಿ ಆಮೇಲೆ ಬರುತ್ತದೆ, ಇವತ್ತು ಸುಮ್ಮನೆ ಬಂದು ಒಂದೆರಡು ಟೇಕ್ ಕೊಡಿ’ ಎಂದು ಯಾರಾದರೂ ಹೇಳಿದರೆ ಒಪ್ಪಬೇಡ.

ಶಾಲೆಯ ಪತ್ರಕ್ಕೆ ಈ ವಾರವೇ ಕೇಳು, ರಜೆ ಶುರುವಾದರೆ ಸಹಿ ಹಾಕುವವರು ಸಿಗುವುದಿಲ್ಲ. ಧ್ವನಿಮುದ್ರಣದ ತಾರೀಖು ಗೊತ್ತಾದ ಮೇಲೆಯೇ ವೈದ್ಯರ ಹತ್ತಿರ ಹೋಗು, ಆ ಪತ್ರ ಮೂರು ತಿಂಗಳಿಗಿಂತ ಹಳೆಯದಾಗಿರಬಾರದು. ಪುಟ್ಟಿಗೆ ನನ್ನ ಮುದ್ದು ಹೇಳು, ಮನೆಯವರಿಗೆ ನಮಸ್ಕಾರ.

ನಿನ್ನ ಗೆಳೆಯ