ಸುಧಿಗೆ ಪತ್ರ: ನಿಮ್ಮೂರಿನ ಮಳೆ, ರೊಸೆಟ್ಟಾಳ ಗಿಟಾರು

ಪ್ರಿಯ ಸುಧಿ,

ವಾಟ್ಸಾಪಿನಲ್ಲಿ ಬರೆದರೆ ಎರಡು ನೀಲಿ ಗೆರೆ ತೋರಿಸಿ ಸುಮ್ನಾಗಿಬಿಡುತ್ತೀಯ. ಅದಕ್ಕೇ ಇಲ್ಲಿ, ನಾಲ್ಕು ಜನರ ಮುಂದೆ ಬರೆಯುತ್ತಿದ್ದೇನೆ. ಈಗ ಉತ್ತರ ಕೊಡದಿದ್ದರೆ, ನಾವು ಹೆಸರಿಟ್ಟ ಆ ‘ಮೂರು ಕಾರ್ಡ್ ಅಂಕಲ್ಲೇ’ ನಿನ್ನನ್ನು ವಿಚಾರಿಸಿಕೊಳ್ಳುತ್ತಾರೆ. ಅವರು ನನ್ನ ಎಲ್ಲ ಪೋಸ್ಟಿಗೂ ಲೈಕ್ ಒತ್ತುತ್ತಾರೆ, ಓದದೆಯೇ.

ನೀನು ಮ್ಯಾಂಚೆಸ್ಟರಿಗೆ ಹೋಗಿ ವರ್ಷಗಳಾದವು. ಮಳೆ, ನೈಟ್ ಡ್ಯೂಟಿ, ಹೀಟರ್ ಬಿಲ್ಲು ಬಿಟ್ಟು ಆ ಊರಿನ ಬಗ್ಗೆ ಬೇರೆ ಒಂದು ಮಾತೂ ಹೇಳಿಲ್ಲ. ಅಲ್ಲಿ ವಿಲ್‌ಬ್ರಹಾಮ್ ರೋಡ್ ಅಂತ ಒಂದು ರೈಲ್ವೆ ಸ್ಟೇಷನ್ ಇತ್ತು, ಗೊತ್ತಾ? 1958ರಲ್ಲೇ ಪ್ರಯಾಣಿಕರಿಗೆ ಮುಚ್ಚಿತು. ಆ ರೈಲಿನ ದಾರಿಯಲ್ಲಿ ಈಗ ಜನ ಸೈಕಲ್ ಹೊಡೆಯುತ್ತಾರೆ. 1964ರ ಮೇ 7ರಂದು ಗ್ರನಾಡಾ ಟಿವಿಯವರು ಆ ಮುಚ್ಚಿದ ಸ್ಟೇಷನ್ನಿಗೆ ಅಮೆರಿಕದ ದಕ್ಷಿಣದ ಹಳ್ಳಿ ಸ್ಟೇಷನ್ನಿನ ವೇಷ ಹಾಕಿಸಿ ಒಂದು ಕಾರ್ಯಕ್ರಮ ಮಾಡಿದರು. ಕೇಳುವವರು ಒಂದು ಪ್ಲಾಟ್‌ಫಾರ್ಮಿನಲ್ಲಿ, ಹಾಡುವವರು ಎದುರಿನದರಲ್ಲಿ, ಮಧ್ಯೆ ಹಳಿ. ಬ್ಲೂಸ್, ಅಂದರೆ ಅಮೆರಿಕದ ಕಪ್ಪು ಜನರ ಲೌಕಿಕ ಹಾಡು, ಹಾಡುವ ಮಡ್ಡಿ ವಾಟರ್ಸ್ ಇದ್ದ. ಮಳೆಯೂ ಬಂತು. ನಿಮ್ಮೂರಲ್ವಾ, ಬರದೆ ಇರುತ್ತದೆಯೇ.

ಆಗ ಒಂದು ಕುದುರೆ ಗಾಡಿ ಬಂದು ನಿಲ್ಲುತ್ತದೆ. ಅದರಿಂದ 49 ವರ್ಷದ ಒಬ್ಬ ಹೆಂಗಸು ಇಳಿಯುತ್ತಾಳೆ. ಒಳ್ಳೆಯ ಕೋಟು, ಎತ್ತರದ ಹಿಮ್ಮಡಿಯ ಚಪ್ಪಲಿ. ಇತ್ತ ಬಂದು ಬಿಳಿ ಗಿಬ್ಸನ್ ಗಿಟಾರು ಹೆಗಲಿಗೇರಿಸುತ್ತಾಳೆ. ಮೊದಲು ಯಾವ ಹಾಡು ಅಂತ ನಿಗದಿಯಾಗಿತ್ತೋ ಅದನ್ನು ಬಿಟ್ಟು 'ಡಿಡಂಟ್ ಇಟ್ ರೈನ್' ಹಾಡುತ್ತೇನೆ ಅಂದಳಂತೆ. ನೋಹನ ಕಾಲದ ಮಳೆಯ ಹಾಡು. ಒದ್ದೆ ಪ್ಲಾಟ್‌ಫಾರ್ಮಿನಲ್ಲಿ, ಕರೆಂಟಿನ ಗಿಟಾರು ಹಿಡಿದು! ನಮ್ಮ ಕ್ವಾಯರಿನಲ್ಲಿ ಮೈಕು ಸ್ವಲ್ಪ ಜುಮ್ ಅಂದರೆ ನೀನು ಮೇಲಿನ ಸ್ವರ ಮುಟ್ಟುತ್ತಿದ್ದೆ. ಅದು ನೆನಪಾಗಿ ಒಬ್ಬನೇ ನಕ್ಕೆ.

ಸಿಸ್ಟರ್ ರೊಸೆಟ್ಟಾ ಥಾರ್ಪ್. ಗಾಸ್ಪೆಲ್, ಅಂದರೆ ಅಮೆರಿಕದ ಕಪ್ಪು ಜನರ ಚರ್ಚಿನ ಹಾಡು, ಹಾಡುತ್ತಿದ್ದ ಗಿಟಾರಿನವಳು. ಈ ವಿಡಿಯೋ ನಿನಗೆ ಮೊದಲೇ ಕಳಿಸಿದ್ದೆ. ನೀನು ಒಂದು ಬೆಂಕಿ ಚಿತ್ರ ಹಾಕಿ ಬಿಟ್ಟೆ. ಇನ್ನೊಮ್ಮೆ ನೋಡು, ಮುಖ ಬಿಟ್ಟು ಕೈ ನೋಡು. ತಂತಿಗಳನ್ನೇ ಒಂದು ಕಾರ್ಡಿಗೆ, ಅಂದರೆ ಒಟ್ಟಿಗೆ ಮೊಳಗುವ ಸ್ವರಗಳ ಗುಂಪಿಗೆ, ಬಿಗಿದುಕೊಂಡು ನುಡಿಸುವ ಹಳೆಯ ರೀತಿ ಅವಳದು. ಬರೀ ತಂತಿ ಮೀಟಿದರೂ ಕಾರ್ಡು ಕೇಳುತ್ತದೆ. ಹಾಗಾಗಿ ಬೆರಳುಗಳಿಗೆ ಪುರುಸೊತ್ತು ಜಾಸ್ತಿ. ಒಂದು ಸಾಲು ಹಾಡುತ್ತಾಳೆ, ಅದರ ಬಾಲವನ್ನು ಗಿಟಾರಿಗೆ ಬಿಡುತ್ತಾಳೆ. ಗಿಟಾರು ಉತ್ತರ ಕೊಡುವಾಗ ತಾನೂ ಒಬ್ಬ ಕೇಳುಗಳ ಹಾಗೆ ತಲೆ ಆಡಿಸುತ್ತಾಳೆ. ಆ ತಲೆ ಆಡಿಸುವುದು ನನಗೆ ಬರುವುದಿಲ್ಲ ಕಣೋ. ನಾನು ನುಡಿಸುವಾಗ ಪರೀಕ್ಷೆ ಬರೆಯುವವನ ಮುಖ ಮಾಡಿಕೊಂಡಿರುತ್ತೇನೆ ಅಂತ ನೀನೇ ಹೇಳಿದ್ದು.

ಹುಟ್ಟಿದ್ದು 1915ರಲ್ಲಿ, ಆರ್ಕಾನ್ಸಾಸಿನ ಕಾಟನ್ ಪ್ಲಾಂಟ್ ಅನ್ನುವ ಊರಲ್ಲಿ. ಹೆಸರೇ ಹತ್ತಿಗಿಡ. ಅಮ್ಮ ಕೇಟಿ ಬೆಲ್ ನ್ಯೂಬಿನ್ ಮ್ಯಾಂಡೊಲಿನ್ ನುಡಿಸುತ್ತಾ ಊರೂರು ಸುತ್ತಿ ಸುವಾರ್ತೆ ಸಾರುತ್ತಿದ್ದಳು. ಅವರ ಸಭೆ ಚರ್ಚ್ ಆಫ್ ಗಾಡ್ ಇನ್ ಕ್ರೈಸ್ಟ್. ಅಲ್ಲಿ ದಮ್ಮಡಿ, ಡ್ರಮ್ಮು, ಗಿಟಾರು, ಕುಣಿತ ಎಲ್ಲಾ ಆರಾಧನೆಯೇ. 150ನೇ ಕೀರ್ತನೆಯನ್ನು ನಾವು ಬಾಯಲ್ಲಿ ಓದುತ್ತೇವೆ, ಅವರು ಓದಿ ಎದ್ದು ಮಾಡುತ್ತಿದ್ದರು. ಆರು ವರ್ಷದ ಆಸುಪಾಸಿನಲ್ಲಿ ಅಮ್ಮ ಮಗಳು ಶಿಕಾಗೋಗೆ ಬಂದರು. ಹಿಂದೆ ಕೂತವರಿಗೂ ಕಾಣಲಿ ಅಂತ ಹುಡುಗಿಯನ್ನು ಪಿಯಾನೋ ಮೇಲೆ ನಿಲ್ಲಿಸುತ್ತಿದ್ದರು ಅಂತ ಹೇಳುತ್ತಾರೆ. 1934ರಲ್ಲಿ ಥಾರ್ಪ್ ಅನ್ನುವ ಬೋಧಕನ ಜೊತೆ ಮದುವೆ. ಮದುವೆ ನಿಲ್ಲಲಿಲ್ಲ. ಗಂಡನ ಹೆಸರು ಮಾತ್ರ, ಇಂಗ್ಲಿಷಿನಲ್ಲಿ ಒಂದು ಅಕ್ಷರ ಬದಲಾಗಿ, ಕೊನೆವರೆಗೂ ಉಳಿಯಿತು.

1938ರಲ್ಲಿ ನ್ಯೂಯಾರ್ಕಿಗೆ ಬಂದಳು ನೋಡು, ಅಲ್ಲಿಂದ ಶುರು. ಕಾಟನ್ ಕ್ಲಬ್ಬಿನಲ್ಲಿ ಬ್ಯಾಂಡಿನ ನಾಯಕ ಕ್ಯಾಬ್ ಕ್ಯಾಲೊವೇ ಜೊತೆ ಹಾಡಿದಳು. ವೇದಿಕೆ ಮೇಲೆ ಕಪ್ಪು ಜನ, ಮೇಜುಗಳಲ್ಲಿ ಹೆಚ್ಚಾಗಿ ಬಿಳಿಯರು, ಕೈಯಲ್ಲಿ ಗ್ಲಾಸು. ಅಕ್ಟೋಬರ್ 31ಕ್ಕೆ ಡೆಕ್ಕಾ ಕಂಪನಿಗೆ ನಾಲ್ಕು ಹಾಡು ರೆಕಾರ್ಡ್ ಮಾಡಿದಳು. ಅದರಲ್ಲೊಂದು 'ರಾಕ್ ಮೀ'. ಅದು ಥಾಮಸ್ ಡಾರ್ಸಿ ಬರೆದ ಪ್ರಾರ್ಥನೆಯ ಹಾಡೇ. ಡಾರ್ಸಿಯೂ ಮೊದಲು ಜಾರ್ಜಿಯಾ ಟಾಮ್ ಅಂತ ಹೆಸರಿಟ್ಟುಕೊಂಡು ಪೋಲಿ ಬ್ಲೂಸ್ ಹಾಡಿದವನು, ಆ ವಿಷಯ ಬೇರೆ. ಡಿಸೆಂಬರ್ 23ಕ್ಕೆ ಕಾರ್ನೆಗಿ ಹಾಲಿನಲ್ಲಿ ಹಾಡಿದಳು. ವರ್ಷ ಮುಗಿಯುವುದರೊಳಗೆ ಊರೆಲ್ಲ ಗೊತ್ತಾದಳು. ಅವಳ ಸಭೆಯ ಬಹಳಷ್ಟು ಜನರ ಪಾಲಿಗೆ ಅಷ್ಟೇ ಬೇಗ ಕೆಟ್ಟವಳೂ ಆದಳು. ದೇವರ ಹಾಡನ್ನು ಗ್ಲಾಸಿನ ಮುಂದೆ ಹಾಡುವುದಾ? ಆಮೇಲೆ ಲಕ್ಕಿ ಮಿಲಿಂಡರ್ ತಂಡ ಸೇರಿ ಎತ್ತರದ ಸಣಕಲು ಗಂಡು ಬೇಕು ಅಂತಲೂ ಹಾಡಿದಳು. ಅದಕ್ಕೆ ಯಾವ ಕೀರ್ತನೆಯ ಆಧಾರವೂ ಇಲ್ಲ. ಹುಡುಕಿದರೂ ಸಿಗುವುದಿಲ್ಲ.

1944ರಲ್ಲಿ ಸ್ಯಾಮಿ ಪ್ರೈಸ್ ಪಿಯಾನೋ ಜೊತೆ 'ಸ್ಟ್ರೇಂಜ್ ಥಿಂಗ್ಸ್ ಹ್ಯಾಪನಿಂಗ್ ಎವ್ರಿ ಡೇ' ರೆಕಾರ್ಡಾಯಿತು. ಮರುವರ್ಷ ಅದು ಬಿಲ್‌ಬೋರ್ಡಿನ ಕಪ್ಪು ಜನರ ಹಾಡುಗಳ ಪಟ್ಟಿಯಲ್ಲಿ 2ನೇ ಜಾಗಕ್ಕೆ ಏರಿತು. ಗಾಸ್ಪೆಲ್ ಹಾಡು ಅಷ್ಟು ಮೇಲೆ ಹೋಗುವುದು ಆ ಕಾಲಕ್ಕೆ ದೊಡ್ಡ ವಿಷಯ. ರಾಕ್ ಅಂಡ್ ರೋಲ್ ಅನ್ನುವ ಮಾತು ಮನೆಮನೆಗೆ ಬರುವ ಎಷ್ಟೋ ವರ್ಷ ಮೊದಲು ಅದರ ಗಿಟಾರು ಇಲ್ಲಿ ಕೇಳಿಸುತ್ತದೆ. 1947ರಲ್ಲಿ ಮೇಕನ್ ಊರಿನಲ್ಲಿ 14 ವರ್ಷದ ಒಬ್ಬ ಹುಡುಗನನ್ನು ತನ್ನ ವೇದಿಕೆಗೆ ಹತ್ತಿಸಿದಳು. ಅವನೇ ಮುಂದೆ ರಾಕ್ ಅಂಡ್ ರೋಲ್ ಹಾಡುಗಾರ ಲಿಟಲ್ ರಿಚರ್ಡ್. ಆದರೆ ಇಷ್ಟು ಹೆಸರಿದ್ದೂ ದಕ್ಷಿಣದ ಎಷ್ಟೋ ಊರುಗಳಲ್ಲಿ ಬಿಳಿಯರ ಹೋಟೆಲಿನಲ್ಲಿ ರೂಮು ಕೊಡುತ್ತಿರಲಿಲ್ಲ. ಬಸ್ಸಿನಲ್ಲೇ ಮಲಗುತ್ತಿದ್ದಳು.

ಇಲ್ಲಿವರೆಗೆ ನಿನಗೆ ಬೇಜಾರಾಗಿರಲಿಕ್ಕಿಲ್ಲ. ಇನ್ನು ಮೇಲೆ ಸ್ವಲ್ಪ ಕಷ್ಟ.

ನನ್ನನ್ನು ಹಿಡಿದು ನಿಲ್ಲಿಸಿದ್ದು ಮಳೆಯ ವಿಡಿಯೋ ಅಲ್ಲ, ಮದುವೆ. 1951ರ ಜುಲೈ 3. ವಾಷಿಂಗ್ಟನ್ನಿನ ಗ್ರಿಫಿತ್ ಸ್ಟೇಡಿಯಂ, ಬೇಸ್‌ಬಾಲ್ ಆಡುವ ಜಾಗ. ಅಲ್ಲಿ ಅವಳ ಮೂರನೇ ಮದುವೆ, ಟಿಕೆಟ್ ಇಟ್ಟು. ಇಪ್ಪತ್ತು ಸಾವಿರಕ್ಕೂ ಜಾಸ್ತಿ ಜನ ದುಡ್ಡು ಕೊಟ್ಟು ಮದುವೆಗೆ ಬಂದರು. ನಮ್ಮ ಕಡೆ ಮದುವೆಗೆ ಬಂದವರು ಮುಯ್ಯಿ ಕವರಿನಲ್ಲಿ ಎಷ್ಟು ಹಾಕಲಿ ಅಂತ ಯೋಚಿಸುತ್ತಾರೆ. ಅವಳು ಗೇಟಿನಲ್ಲೇ ವಸೂಲಿ ಮಾಡಿದಳು. ವರ ರಸೆಲ್ ಮಾರಿಸನ್. ಕರಾರಿಗೆ ಸಹಿ ಮೊದಲು ಬಿತ್ತು, ವರ ಆಮೇಲೆ ಸಿಕ್ಕ ಅನ್ನುವ ಮಾತಿದೆ. ಮದುವೆಯ ಬಟ್ಟೆಯಲ್ಲೇ ನಿಂತು ಎಲೆಕ್ಟ್ರಿಕ್ ಗಿಟಾರು ನುಡಿಸಿದಳು. ಪಟಾಕಿ ಹಾರಿಸಿದರು. ಡೆಕ್ಕಾದವರು ಎಲ್ಲವನ್ನೂ ರೆಕಾರ್ಡ್ ಮಾಡಿಕೊಂಡರು.

ಇದನ್ನು ಓದಿ ಮೊದಲು ನಕ್ಕೆ. ಆಮೇಲೆ ನಗು ನಿಂತುಹೋಯಿತು. ಆ ಹೆಂಗಸಿಗೆ ಯಾರೂ ನೋಡದ ಒಂದು ಮೂಲೆ ಅಂತ ಇತ್ತಾ? ಪಿಯಾನೋ ಮೇಲೆ ನಿಲ್ಲಿಸಿದ ದಿನದಿಂದ ಅವಳ ಪ್ರಾರ್ಥನೆಗೆ ಒಂದು ಹಾಲು, ಒಂದಷ್ಟು ಮುಖ ಇದ್ದೇ ಇದ್ದವು. ಅವಳ ಮಟ್ಟಿಗೆ ಅದೇನೂ ಸುಳ್ಳಾಗಿರಲಿಲ್ಲ ಅಂತ ನನಗನ್ನಿಸುತ್ತದೆ. ಕ್ಲಬ್ಬಿನಲ್ಲಿ ಹಾಡಿದ ರೆಕಾರ್ಡು ಕೇಳು, ಚರ್ಚಿನವರ ಮುಂದೆ ಹಾಡಿದ್ದು ಕೇಳು. ಒಂದೇ ಗಂಟಲು. ತೋರಿಸುವುದು ಬೇರೆ, ನಂಬುವುದು ಬೇರೆ ಅನ್ನುವ ಗೋಡೆ ಅವಳ ಮನೆಯಲ್ಲಿ ಕಟ್ಟಿಯೇ ಇರಲಿಲ್ಲ. ಬೈದವರೆಲ್ಲ ಇಲ್ಲದ ಗೋಡೆಯನ್ನು ಹುಡುಕಿ ಬೈದರು.

ನನ್ನ ಮನೆಯಲ್ಲಿ ಗೋಡೆ ಇದೆ. ಅದೇ ತೊಂದರೆ.

ನಿನಗೆ ಗೊತ್ತಲ್ಲ, ಶನಿವಾರ ರಾತ್ರಿ ಇಂದಿರಾನಗರದ ಕಡೆ ನುಡಿಸುತ್ತೇನೆ, ಭಾನುವಾರ ಬೆಳಿಗ್ಗೆ ಆರಾಧನೆಯಲ್ಲಿ ನುಡಿಸುತ್ತೇನೆ. ಗಿಟಾರು ಒಂದೇ, ಪೆಡಲ್ ಮಾತ್ರ ಬೇರೆ. ನಮ್ಮ ಕಮಿಟಿಯ ಹಿರಿಯರೊಬ್ಬರು ಒಂದು ಸಲ ಕರೆದು, ರಾತ್ರಿಯ ಕೈ ತೊಳೆದುಕೊಂಡು ಬಾ ಅಂದರು. ನಾನು ಅದನ್ನು ಜೋಕು ಮಾಡಿ ಎಲ್ಲರಿಗೂ ಹೇಳಿಕೊಂಡು ತಿರುಗಿದೆ. ಆದರೆ ಅವರು ತಪ್ಪು ಕಡೆ ನೋಡುತ್ತಿದ್ದರು ಸುಧಿ. ರಾತ್ರಿಯ ಕೈಯಲ್ಲಿ ಏನೂ ಇಲ್ಲ. ಅಲ್ಲಿ ಜನ ಊಟ ಮಾಡುತ್ತಾರೆ, ನಾನು ನುಡಿಸುತ್ತೇನೆ, ಲೆಕ್ಕ ಚುಕ್ತಾ. ನನಗೆ ಅನುಮಾನ ಇರುವುದು ಬೆಳಗಿನ ಕೈ ಮೇಲೆ.

ಅಪ್ಪ ಆಸ್ಪತ್ರೆಯಲ್ಲಿದ್ದ ದಿನಗಳ ವಿಷಯ ನಿನಗೆ ಪೂರ್ತಿ ಹೇಳಿಲ್ಲ. ಅಮ್ಮ ಪ್ರಾರ್ಥನೆ ಮಾಡು ಅಂದಾಗಲೆಲ್ಲ ಕಣ್ಣು ಮುಚ್ಚುತ್ತಿದ್ದೆ. ಒಳಗೆ ಏನೂ ಬರುತ್ತಿರಲಿಲ್ಲ. ಫ್ಯಾನಿನ ಶಬ್ದ ಕೇಳುತ್ತಿತ್ತು. ಆಮೇಲೊಂದು ಸಂಜೆ ಅಪ್ಪನೇ ಕೇಳಿದರು ಅಂತ ಗಿಟಾರು ತರಿಸಿ, ಮೆಲ್ಲಗೆ ಅವರ ಇಷ್ಟದ ಹಾಡು ಹಾಡಿದೆ. ಪಕ್ಕದ ಬೆಡ್ಡಿನವರು ತಿರುಗಿದರು. ಬಾಗಿಲಲ್ಲಿ ಇಬ್ಬರು ಸಿಸ್ಟರ್‌ಗಳು ನಿಂತರು. ಆಗ ಬಂತು ನೋಡು. ಗಂಟಲು ಕಟ್ಟಿತು, ಕಣ್ಣು ತುಂಬಿತು, ಯಾರೋ ಕೇಳಿಸಿಕೊಳ್ಳುತ್ತಿದ್ದಾರೆ ಅಂತ ಗಟ್ಟಿಯಾಗಿ ಅನ್ನಿಸಿತು. ಆ ಯಾರೋ ದೇವರಾ, ಬಾಗಿಲಲ್ಲಿ ನಿಂತವರಾ, ನನಗೆ ಇವತ್ತಿಗೂ ತಿಳಿಯುತ್ತಿಲ್ಲ. ಯಾಕೆಂದರೆ ಕೊನೆಯ ಸಾಲಿಗೆ ನಾನು ಅಪ್ಪನ ಮುಖ ನೋಡಲಿಲ್ಲ. ಬಾಗಿಲ ಕಡೆ ನೋಡಿದೆ. ಒಬ್ಬ ಸಿಸ್ಟರ್ ಕಣ್ಣು ಒರೆಸಿಕೊಳ್ಳುತ್ತಿದ್ದಳು. ನನಗೆ ಖುಷಿಯಾಯಿತು.

ಖುಷಿಯಾಯಿತು ಕಣೋ.

ಇದನ್ನು ನಿನಗೆ ಫೋನಿನಲ್ಲಿ ಹೇಳಲು ಬಾಯಿ ಬರಲಿಲ್ಲ. ಇಷ್ಟು ಜನರ ಮುಂದೆ ಬರೆಯಲು ಕೈ ಬಂತು. ನೋಡು, ರೋಗ ಎಲ್ಲಿದೆ ಅಂತ. ನೀನು ನರ್ಸು, ನೀನೇ ಏನಾದರೂ ಹೆಸರಿಡು.

ರೊಸೆಟ್ಟಾಳ ಕೊನೆ ಬೇಗ ಹೇಳಿಬಿಡುತ್ತೇನೆ. ಐವತ್ತರ ದಶಕದಲ್ಲಿ ಗಾಯಕಿ ಮರೀ ನೈಟ್ ಜೊತೆ ಬ್ಲೂಸ್ ರೆಕಾರ್ಡ್ ಮಾಡಿದಾಗ ಗಾಸ್ಪೆಲ್ ಜನ ಮತ್ತೆ ಮುನಿಸಿಕೊಂಡರು. 1957ರಲ್ಲಿ ಕ್ರಿಸ್ ಬಾರ್ಬರ್ ತಂಡದ ಜೊತೆ ಇಂಗ್ಲೆಂಡಿಗೆ ಬಂದಳು. ಅಲ್ಲಿನ ಹುಡುಗರು ಬಾಯಿ ಬಿಟ್ಟುಕೊಂಡು ನೋಡಿದರು. ಅರವತ್ತರ ದಶಕದ ಕೊನೆಯಲ್ಲಿ ಅಮ್ಮ ತೀರಿಕೊಂಡಳು. 1970ರಲ್ಲಿ ಪಾರ್ಶ್ವವಾಯು ಹೊಡೆಯಿತು. ಸಕ್ಕರೆ ಕಾಯಿಲೆಯಿಂದ ಒಂದು ಕಾಲನ್ನೂ ತೆಗೆದರು. ಆಮೇಲೂ ಕೂತು ಹಾಡಿದಳು. 1973ರ ಅಕ್ಟೋಬರ್ 9ರಂದು ಫಿಲಡೆಲ್ಫಿಯಾದಲ್ಲಿ ಹೋದಳು. ಮದುವೆಗೆ ಸ್ಟೇಡಿಯಂ ತುಂಬಿಸಿದವಳ ಸಮಾಧಿಗೆ ಮೂರು ದಶಕಕ್ಕೂ ಹೆಚ್ಚು ಕಾಲ ಹೆಸರಿನ ಕಲ್ಲು ಇರಲಿಲ್ಲ. 2008ರಲ್ಲಿ ಅಭಿಮಾನಿಗಳು ಕಾರ್ಯಕ್ರಮ ಮಾಡಿ ದುಡ್ಡು ಕೂಡಿಸಿ ಹಾಕಿಸಿದರು. 2018ರಲ್ಲಿ ರಾಕ್ ಅಂಡ್ ರೋಲ್ ಹಾಲ್ ಆಫ್ ಫೇಮ್‌ನವರೂ ಎಚ್ಚೆತ್ತರು. ಎಲ್ವಿಸ್, ಲಿಟಲ್ ರಿಚರ್ಡ್, ಜಾನಿ ಕ್ಯಾಶ್ ಎಲ್ಲರೂ ಎಷ್ಟೋ ವರ್ಷ ಮೊದಲೇ ಒಳಗೆ ಹೋಗಿ ಕೂತಿದ್ದರು. ಅವಳ ಹಾಡು ಕೇಳಿ ಬೆಳೆದವರು ಪಂಕ್ತಿಯ ಮೊದಲಲ್ಲಿ, ಅವಳು ಕೊನೆಯ ಪಂಕ್ತಿಯಲ್ಲಿ. ಈ ವಿಷಯಕ್ಕೆ ನನಗೆ ಇರುವ ಸಿಟ್ಟನ್ನು ಇನ್ನೊಂದು ಪತ್ರಕ್ಕೆ ಇಟ್ಟುಕೊಂಡಿದ್ದೇನೆ. ಅದಕ್ಕೂ ನೀನು ಉತ್ತರ ಕೊಡುವುದಿಲ್ಲ.

ನೀನು ಗಾಬರಿಯಾಗಬೇಡ, ನಾನು ಚೆನ್ನಾಗಿದ್ದೇನೆ. ಈ ಭಾನುವಾರವೂ ನುಡಿಸಿದೆ. ರೊಸೆಟ್ಟಾಳ ಹಾಗೆ ತಲೆ ಆಡಿಸಲು ನೋಡಿದೆ. ಅಯ್ಯನವರು ಆರಾಧನೆ ಮುಗಿದ ಮೇಲೆ, ಕುತ್ತಿಗೆ ನೋವಾ ಅಂತ ಕೇಳಿ ಒಂದು ಎಣ್ಣೆಯ ಹೆಸರು ಬರೆದುಕೊಟ್ಟರು. ಅವಳ ಹಾಗೆ ತಂತಿಗಳನ್ನು ಕಾರ್ಡಿಗೆ ಬಿಗಿಯಲು, ಅದೇ ಓಪನ್ ಟ್ಯೂನಿಂಗ್ ಮಾಡಲು ಹೋಗಿ ಒಂದು ತಂತಿಯೂ ಹರಿಯಿತು. ಮೂರು ಕಾರ್ಡ್ ಅಂಕಲ್‌ಗೆ ಅದೇ ದಿನದ ಹೈಲೈಟು.

ಇಲ್ಲಿ ಕಮೆಂಟಿನಲ್ಲಿ ಕೈ ಮುಗಿಯುವ ಚಿತ್ರ ಹಾಕುವವರಿಗೆ ಮುಂಚಿತವಾಗಿ ವಂದನೆ. ಎಷ್ಟು ಬಂದವು ಅಂತ ರಾತ್ರಿ ಎದ್ದು ನೋಡುತ್ತೇನೆ, ಅದರಲ್ಲಿ ಅನುಮಾನ ಬೇಡ. ನೀನು ಮಾತ್ರ ಅದನ್ನು ಹಾಕಬೇಡ. ಫೋನ್ ಮಾಡು. ಆ 'ಹೋಸನ್ನ ಬಿರಿಯಾನಿ' ಕಥೆ ಇನ್ನೊಮ್ಮೆ ಹೇಳು, ನಗಬೇಕಾಗಿದೆ.

ನಿನ್ನ,
ಎಡಗಡೆಯ ಗಿಟಾರಿನವನು

ತಾ.ಕ.: ಅಮ್ಮನೂ ಈಗ ಫೇಸ್‌ಬುಕ್ಕಿಗೆ ಬಂದಿದ್ದಾಳೆ ಅನ್ನುವುದು ಇಷ್ಟೆಲ್ಲ ಬರೆದ ಮೇಲೆ ಹೊಳೆಯಿತು. ಅಮ್ಮಾ, ಇಂದಿರಾನಗರದ್ದು ಫ್ಯಾಮಿಲಿ ರೆಸ್ಟೋರೆಂಟ್. ಮೀನು ಚೆನ್ನಾಗಿರುತ್ತದೆ.